ಬಾಡಿಗೆ ಕೋಣೆಯ ರಾಕ್ಷಸರಾಜ

ಸಾತೋಶಿ ವಾಗಹಾರಾ ಅವರ ಕಾದಂಬರಿ ಮಾಲೆಯನ್ನು ಆಧರಿಸಿ ಅಕಿಯೋ ಹಿಯಿರಾಗಿ ಚಿತ್ರಿಸಿದ ಮಾಂಗಾ ‘ಹತರಾಕು ಮಾಓ-ಸಾಮಾ!’ 2011ರ ಕೊನೆಗೆ ಜಪಾನಿನ ‘ದೆಂಗೆಕಿ ದಾಯಿಓ’ ಮಾಸಿಕದಲ್ಲಿ ಆರಂಭವಾಯಿತು. ಎಂತೆ ಇಸ್ಲಾ ಎಂಬ ಲೋಕವನ್ನು ನಡುಗಿಸಿದ ರಾಕ್ಷಸರಾಜ ಸೋತು ಟೋಕಿಯೋಗೆ ಬಂದು ಬೀಳುತ್ತಾನೆ. ಸಾದಾಓ ಮಾಓ ಎಂಬ ಹೆಸರಿನಲ್ಲಿ ಸಾಸಾಜುಕಾದ ಹಳೆಯ ಕಟ್ಟಡದಲ್ಲೊಂದು ಬಾಡಿಗೆ ಕೋಣೆ ಹಿಡಿದು, ಬರ್ಗರ್ ಅಂಗಡಿಯಲ್ಲಿ ಗಂಟೆಗೂಲಿಗೆ ದುಡಿಯುತ್ತಾನೆ. 2013ರ ಅನಿಮೆಯಿಂದ ಮನೆಮಾತಾದ ಕಥೆಗೆ ಸಿಕ್ಕ ಹೊಗಳಿಕೆ ಹೆಚ್ಚಾಗಿ ಈ ವೈದೃಶ್ಯಕ್ಕೇ ಸಂದಿದೆ. ಆ ತಮಾಷೆಯಾದರೋ ಬೇಗ ಸವೆಯುತ್ತದೆ.

ಕೃತಿಯ ನಿಜವಾದ ಕಸುಬು ಚಾಕುವಿನ ಪ್ರಸಂಗದಲ್ಲಿದೆ. ಒಂದು ಮಳೆಯ ದಿನ ಮಾಓ ಅಪರಿಚಿತ ಯುವತಿಯೊಬ್ಬಳಿಗೆ ತನ್ನ ಕೊಡೆ ಕೊಟ್ಟು ಹೋಗುತ್ತಾನೆ. ಅವಳೇ ಅವನನ್ನು ಸೋಲಿಸಿದ ವೀರಾಂಗನೆ ಎಮಿಲಿಯಾ; ಇಲ್ಲಿ ಎಮಿ ಯೂಸಾ, ಕಾಲ್ ಸೆಂಟರ್ ಉದ್ಯೋಗಿ. ಗುರುತು ಸಿಕ್ಕಿದ ಮೇಲೆ ಅವಳು ದಾರಿಗಡ್ಡ ನಿಲ್ಲುವುದು ಪವಿತ್ರ ಖಡ್ಗ ಹಿಡಿದಲ್ಲ, ನೂರು ಯೆನ್ ಅಂಗಡಿಯ ಚಾಕು ಹಿಡಿದು. ಎರಡು ಲೋಕಗಳ ಹಗೆ ಇತ್ಯರ್ಥವಾಗುವ ಮೊದಲೇ ಪೊಲೀಸ್ ಪೇದೆ ಬರುತ್ತಾನೆ. ಪ್ರೇಮಿಗಳ ಜಗಳವೆಂದು ಬಗೆದು ಇಬ್ಬರಿಗೂ ಬುದ್ಧಿ ಹೇಳುತ್ತಾನೆ. ಇಬ್ಬರೂ ತಲೆ ತಗ್ಗಿಸಿ ಕೇಳುತ್ತಾರೆ. ಇಲ್ಲಿ ನಗು ಹುಟ್ಟುವುದು ರಾಕ್ಷಸ ಸಣ್ಣವನಾದುದರಿಂದಲ್ಲ. ಬೀದಿಯ ಕಾನೂನಿನ ಮುಂದೆ ಧರ್ಮಯುದ್ಧಕ್ಕೂ ಬೀದಿ ರಂಪಕ್ಕೂ ಅಂತರವಿಲ್ಲದಂತಾದುದರಿಂದ. ಎಮಿಯ ದುಃಖ ಮಾತ್ರ ಸುಳ್ಳಲ್ಲ. ರಾಕ್ಷಸರ ದಾಳಿಯಲ್ಲಿ ತಂದೆಯನ್ನು ಕಳೆದುಕೊಂಡ ಅವಳ ಆಪಾದನೆಗೆ ಉತ್ತರ ಸಲ್ಲಬೇಕಿತ್ತು. ಕೃತಿ ಅದನ್ನು ಮುಂದೂಡುತ್ತಲೇ ಹೋಗುತ್ತದೆ. ಮಾಓನ ಒಳ್ಳೆಯ ನಡತೆಯನ್ನೇ ಪ್ರಾಯಶ್ಚಿತ್ತವೆಂದು ಓದುಗರ ಮುಂದೆ ದಾಟಿಸುತ್ತದೆ.

ಇದು ಕೂಲಿ ವ್ಯವಸ್ಥೆಯ ವಿಡಂಬನೆ ಎಂಬ ಓದು ಅಭಿಮಾನಿ ವಿಮರ್ಶಕರಲ್ಲಿ ಬಳಕೆಯಲ್ಲಿದೆ. ಅದಕ್ಕೆ ಪಠ್ಯದ ಆಧಾರ ತೀರ ತೆಳು. ಮಾಓ ಅಂಗಡಿಯನ್ನು ಗೇಲಿ ಮಾಡುವವನಲ್ಲ. ಬಡ್ತಿ ಪಡೆದು, ಕಾಯಂ ನೌಕರನಾಗಿ, ಆ ದಾರಿಯಲ್ಲೇ ಲೋಕ ಗೆಲ್ಲುತ್ತೇನೆಂದು ನಂಬಿದವನು. ಈ ನಂಬಿಕೆಯನ್ನು ಕೃತಿ ಎಲ್ಲಿಯೂ ಚುಚ್ಚುವುದಿಲ್ಲ. ಬಡತನ ತಟ್ಟುವುದು ಅಡುಗೆಮನೆಯಲ್ಲಿ: ಮಾಓನ ಕೋಣೆಯಲ್ಲೇ ಇರುವ ಅವನ ಒಂದು ಕಾಲದ ಸೇನಾಪತಿ ಆಶಿಯಾ ಕಾಸಿಗೆ ಕಾಸು ಲೆಕ್ಕ ಹಾಕುತ್ತಾನೆ, ಆಮೇಲೆ ಬಂದು ಸೇರಿ ಮನೆ ಬಿಟ್ಟು ಕದಲದ ಇನ್ನೊಬ್ಬ ಸೇನಾಪತಿ ಉರುಶಿಹಾರಾ ಆನ್‌ಲೈನಿನಲ್ಲಿ ಖರೀದಿಸಿ ಆ ಲೆಕ್ಕ ಕೆಡಿಸುತ್ತಾನೆ. ವಿಡಂಬನೆ ಹುಡುಕುವವರ ಕಣ್ಣಿಗೆ ಈ ಪುಟಗಳೇ ಬೀಳದಿರುವುದು ವಿಚಿತ್ರ.

ಕಾಳಗದ ಅಧ್ಯಾಯಗಳು ಸಾಧಾರಣ. ಮಾಓನ ಶಕ್ತಿ ಮರಳುವುದು ಮನುಷ್ಯರ ಭಯ, ಹತಾಶೆಗಳಿಂದ; ಅವನ ಹೊಟ್ಟೆಪಾಡು ಗಿರಾಕಿಗಳನ್ನು ನಗುತ್ತ ಸ್ವಾಗತಿಸುವುದರಿಂದ. ಈ ಇಕ್ಕಟ್ಟು ಪೂರ್ತಿ ಫಲ ಕೊಡುವುದು ಮುಂದೆ ಉರುಶಿಹಾರಾ ಎಂದು ಮನೆ ಸೇರುವ ಲೂಸಿಫರ್‌ನೊಡನೆ ಹೋರಾಡಿದ ಮೇಲೆ, ಮರಳಿ ಬಂದ ಶಕ್ತಿಯನ್ನೆಲ್ಲ ಕುಸಿದ ಹೆದ್ದಾರಿಯ ದುರಸ್ತಿಗೆ ಸುರಿದು ಮಾಓ ಮತ್ತೆ ಬರಿಗೈಯಾಗುವಾಗ. ಮುಂದಿನ ಕಾಳಗಗಳಲ್ಲಿ ಮಾಯೆ ಬೇಕೆಂದಾಗ ಒದಗುತ್ತದೆ, ಅದರ ಬೆಲೆ ಹಗುರವಾಗುತ್ತದೆ.