ಸೋತ ಪ್ರಣಯಿ ಮತ್ತು ಹೆಣ್ಣಿನ ಆಯ್ಕೆ: ‘ಶಿರಾಜ್’ ಮೂಕಿಚಿತ್ರದ ಒಂದು ವಿವೇಚನೆ

ಒಬ್ಬ ಹೆಣ್ಣಿಗಾಗಿ ಇಬ್ಬರು ಗಂಡಸರು ಪೈಪೋಟಿಗಿಳಿಯುವ ಕಥಾವಸ್ತು ನಮ್ಮ ಕಾವ್ಯಪರಂಪರೆಗೆ ಹೊಸದಲ್ಲ. ಸೋಂದೆಯಲ್ಲಿ ವೃಂದಾವನಸ್ಥರಾದ ವಾದಿರಾಜರು 19 ಸರ್ಗಗಳ ‘ರುಕ್ಮಿಣೀಶವಿಜಯ’ ಮಹಾಕಾವ್ಯಕ್ಕೆ ಆಯ್ದುಕೊಂಡ ರುಕ್ಮಿಣೀವಿವಾಹದ ಕಥೆ ಇಂಥದೇ. ಭಾಗವತದ ದಶಮಸ್ಕಂಧದಲ್ಲಿ ಈ ಕಥೆಯ ತಿರುವು ಸ್ಪರ್ಧಿಗಳ ಬಲದಿಂದ ಆರಂಭವಾಗುವುದಿಲ್ಲ. ಅಣ್ಣ ರುಕ್ಮಿ ಗೊತ್ತುಮಾಡಿದ ಶಿಶುಪಾಲನನ್ನು ನಿರಾಕರಿಸಿ ರುಕ್ಮಿಣಿ ಬ್ರಾಹ್ಮಣನೊಬ್ಬನ ಮೂಲಕ ಕೃಷ್ಣನಿಗೆ ಕಳುಹಿಸಿದ ಸಂದೇಶದಿಂದ ಆರಂಭವಾಗುತ್ತದೆ. ಸೋತ ಶಿಶುಪಾಲನಿಗೆ ದೊರೆಯುವುದು ಜರಾಸಂಧನ ಸಮಾಧಾನದ ಮಾತುಗಳಷ್ಟೆ.

ಯುದ್ಧಪೂರ್ವ ಜರ್ಮನಿಯ ಚಿತ್ರೋದ್ಯಮವು ಭಾರತೀಯ ಕಥೆಯೊಂದರಲ್ಲಿ ಇದೇ ವಸ್ತುವನ್ನು ನಿರ್ವಹಿಸಿದ ಬಗೆಯನ್ನು ಇದರೊಡನೆ ಇಟ್ಟು ನೋಡಬಹುದು. ಫ್ರಾಂಜ್ ಓಸ್ಟನ್ ನಿರ್ದೇಶಿಸಿದ ‘ಶಿರಾಜ್’ (1928) ಜರ್ಮನಿಯ ಉಫಾ ಸಂಸ್ಥೆ, ಬ್ರಿಟನ್ನಿನ ಸಂಸ್ಥೆಯೊಂದು ಹಾಗೂ ಹಿಮಾಂಶು ರಾಯ್ ಅವರ ಸಹಯೋಗದಲ್ಲಿ ಸಿದ್ಧವಾದ ಮೂಕಿಚಿತ್ರ. ಕುಂಬಾರನ ಮಗ ಶಿರಾಜ್ ತನ್ನೊಡನೆ ಬೆಳೆದ ಸೆಲಿಮಾಳನ್ನು ಪ್ರೀತಿಸುತ್ತಾನೆ. ಅಪಹೃತಳಾದ ಆಕೆ ಗುಲಾಮಳಾಗಿ ಮಾರಾಟವಾಗಿ ರಾಜಕುಮಾರ ಖುರ್ರಮನ ಅರಮನೆ ಸೇರುತ್ತಾಳೆ. ಮುಂದೆ ಮುಮ್ತಾಜ್ ಮಹಲ್ ಎನಿಸುತ್ತಾಳೆ. ಆಕೆಯ ಮರಣಾನಂತರ ದೃಷ್ಟಿ ಕಳೆದುಕೊಂಡ ಶಿರಾಜನೇ ತಾಜಮಹಲಿನ ರೂಪಕಾರನಾಗುತ್ತಾನೆ. ಇದು ಇತಿಹಾಸವಲ್ಲ, ಕಲ್ಪಿತ ಕಥೆ.

ಕಾವ್ಯವು ಬದಿಗೆ ಸರಿಸಿದ ಸೋತ ಪ್ರಣಯಿಯನ್ನು ಚಿತ್ರವು ಕೇಂದ್ರಕ್ಕೆ ತಂದಿರುವುದು ಅದರ ನಿಜವಾದ ಸಾಧನೆ. ಇಲ್ಲಿ ಪ್ರತಿಸ್ಪರ್ಧಿ ಖಳನಲ್ಲ. ಒಬ್ಬಳನ್ನೇ ಕಳೆದುಕೊಂಡ ಇಬ್ಬರ ದುಃಖವೂ ಒಂದೇ ಕಟ್ಟಡದಲ್ಲಿ ಸೇರುತ್ತದೆ. ಆದರೆ ಈ ಔದಾರ್ಯಕ್ಕೆ ತೆತ್ತ ಬೆಲೆಯನ್ನೂ ಗಮನಿಸಬೇಕು. ಸೆಲಿಮಾ ಖುರ್ರಮನನ್ನು ಪ್ರೀತಿಸುವುದು ಅವನ ಅರಮನೆಯಲ್ಲಿ ಬಂದಿಯಾದ ಮೇಲೆ. ಕೊಂಡು ತಂದವಳ ಒಪ್ಪಿಗೆಗೆ ಎಷ್ಟು ಸ್ವಾತಂತ್ರ್ಯವಿದ್ದೀತು ಎಂಬ ಪ್ರಶ್ನೆಯನ್ನು ಅಮೃತಶಿಲೆಯ ಸೊಬಗು ಮುಚ್ಚಿಬಿಡುತ್ತದೆ. ರುಕ್ಮಿಣಿಗೆ ದೊರೆತ ಸಂದೇಶದ ಅವಕಾಶ ಸೆಲಿಮಾಳಿಗೆ ದೊರೆಯುವುದೇ ಇಲ್ಲ.

ಸೆಲಿಮಾಳ ಪಾತ್ರ ವಹಿಸಿದ್ದ ಏಣಾಕ್ಷಿ ರಾಮರಾವ್ ಮುಂದೆ ಮೋಹನ್ ಭವನಾನಿಯವರ ‘ವಸಂತಸೇನಾ’ (1931) ಮೂಕಿಚಿತ್ರದಲ್ಲಿ ಮಂಗಳೂರಿನ ಕಮಲಾದೇವಿ ಚಟ್ಟೋಪಾಧ್ಯಾಯರೊಡನೆ ಅಭಿನಯಿಸಿದರು. ಕನ್ನಡ ಚಿತ್ರರಂಗದ ಪೂರ್ವೇತಿಹಾಸದಲ್ಲಿ ಉಲ್ಲೇಖಗೊಳ್ಳುವ ಆ ಚಿತ್ರಕ್ಕೆ ಆಧಾರ ಶೂದ್ರಕನ ‘ಮೃಚ್ಛಕಟಿಕ’. ಅಲ್ಲಿ ಗಣಿಕೆಯಾದ ವಸಂತಸೇನೆ ರಾಜನ ಮೈದುನ ಶಕಾರನನ್ನು ತಿರಸ್ಕರಿಸಿ ಬಡವನಾದ ಚಾರುದತ್ತನನ್ನು ಆರಿಸಿಕೊಳ್ಳುತ್ತಾಳೆ. ಕೊನೆಗೆ ಚಾರುದತ್ತ ಶಕಾರನನ್ನು ಕ್ಷಮಿಸುತ್ತಾನೆ. ಹೆಣ್ಣಿನ ಆಯ್ಕೆ, ಸೋತವನ ಬಗೆಗಿನ ಕರುಣೆ ಎರಡೂ ಒಂದೇ ಕೃತಿಯಲ್ಲಿ ಕೂಡಿರಬಲ್ಲವು ಎಂಬುದಕ್ಕೆ ಆ ನಾಟಕವೇ ಸಾಕ್ಷಿ. ‘ಶಿರಾಜ್’ ಇವುಗಳಲ್ಲಿ ಎರಡನೆಯದನ್ನು ಮಾತ್ರ ಸಾಧಿಸಿತು. ಪ್ರಣಯಸ್ಪರ್ಧೆಯ ಕೃತಿಗಳನ್ನು ಅಭ್ಯಸಿಸುವವರು ಗೆದ್ದವರಾರು ಎಂಬುದಕ್ಕಿಂತ, ಆರಿಸಿದವರಾರು ಎಂಬುದನ್ನು ಮೊದಲು ಕೇಳುವುದು ಉಚಿತ.