ಹರಾಜಿಗೂ ಮೊದಲಿನ ಪ್ರಶ್ನೆ: ಆದವಾನಿ ಸೀಮೆಯಿಂದ ಸರ್ಕಾರಿ ಜಮೀನಿನ ತೀರ್ಪುಗಳ ಒಂದು ಓದು

ಸರ್ಕಾರಿ ಜಮೀನಿನ ಹರಾಜು, ಹಂಚಿಕೆಗಳ ಮೇಲಿನ ತೀರ್ಪುಗಳನ್ನು ನಾವು ಓದುವ ಕ್ರಮದಲ್ಲೇ ಒಂದು ಕೊರತೆ ಇದೆ ಅನ್ನೋದು ನನ್ನ ವಾದ. ಯಾರಿಗೆ ಕೊಟ್ಟರು, ಎಷ್ಟಕ್ಕೆ ಕೊಟ್ಟರು ಅಂತ ಕೇಳ್ತೇವೆ. ಆ ನೆಲ ಖಾಲಿ ಇದೆ ಅಂತ ಯಾರು, ಯಾವಾಗ ಬರೆದರು ಅಂತ ಕೇಳೋದಿಲ್ಲ.

ಮೊದಲು ಕೋರ್ಟು ಹೇಳಿದ್ದನ್ನು ನೋಡೋಣ. 2012ರ ರಾಷ್ಟ್ರಪತಿ ಉಲ್ಲೇಖದಲ್ಲಿ ಸುಪ್ರೀಂ ಕೋರ್ಟು, ಹರಾಜೊಂದೇ ಸಂವಿಧಾನ ಒಪ್ಪುವ ದಾರಿಯಲ್ಲ, ಆದರೆ ಯಾವ ದಾರಿಯೂ ಮನಸೋಇಚ್ಛೆಯದಾಗಿರಬಾರದು ಎಂದಿತು. 2024ರ ನವೆಂಬರ್ 25ರಂದು ಇದೇ ಆಂಧ್ರದ ಪ್ರಕರಣದಲ್ಲಿ, ಹೈದರಾಬಾದಿನಲ್ಲಿ ಶಾಸಕರು, ಅಧಿಕಾರಿಗಳು, ನ್ಯಾಯಾಧೀಶರು, ಪತ್ರಕರ್ತರ ಸಹಕಾರ ಸಂಘಗಳಿಗೆ ಅಗ್ಗದ ದರದಲ್ಲಿ ನಿವೇಶನಕ್ಕೆ ಜಮೀನು ಕೊಟ್ಟ ಆದೇಶಗಳನ್ನು ರದ್ದು ಮಾಡಿತು. ಆಧಾರ, 14ನೇ ವಿಧಿಯ ಸಮಾನತೆ. ಎರಡೂ ಒಳ್ಳೆಯ ತೀರ್ಪುಗಳೇ. ಆದರೆ ಎರಡರಲ್ಲೂ ಪರೀಕ್ಷೆಗೆ ಬಂದದ್ದು ಕೊಡುವ ಕೈ ಮತ್ತು ತೆಗೆದುಕೊಳ್ಳುವ ಕೈ.

ಈಗ ನಮ್ಮ ಸೀಮೆಗೆ ಬನ್ನಿ. 1953ರವರೆಗೆ ಆದವಾನಿ, ಆಲೂರು ಬಳ್ಳಾರಿ ಜಿಲ್ಲೆಯವೇ. ರೈತವಾರಿ ಪದ್ಧತಿ ಒಂದೇ. ಇವತ್ತು ಇಲ್ಲಿ ಅಡಂಗಲ್, ಅಲ್ಲಿ ಪಹಣಿ, ಅಷ್ಟೇ. ಅತ್ತ ತೋರಣಗಲ್ಲು ಸುತ್ತ ಸುಮಾರು 3,667 ಎಕರೆಯನ್ನು ಜಿಂದಾಲ್‌ಗೆ ಮಾರಲು 2024ರ ಆಗಸ್ಟ್‌ನಲ್ಲಿ ಕರ್ನಾಟಕ ಸಂಪುಟ ಒಪ್ಪಿತು. ಸುಮಾರು 2,000 ಎಕರೆಗೆ ತಲಾ 1.22 ಲಕ್ಷ, ಉಳಿದದ್ದಕ್ಕೆ 1.50 ಲಕ್ಷ ರೂಪಾಯಿ. ದರ ಕಡಿಮೆ ಅಂದರು ವಿರೋಧಿಸಿದವರು; 2006, 2007ರ ಒಪ್ಪಂದಕ್ಕೆ ಬದ್ಧ ಅಂದಿತು ಸರ್ಕಾರ. ಚರ್ಚೆಯ ಬಹುಪಾಲು ದರದಲ್ಲೇ ಸುತ್ತಿತು.

ದರ ಸರಿಹೋದರೆ ಎಲ್ಲ ಸರಿಹೋಯ್ತೇ? ಕುರಿ ಮೇಯುವ ಬಂಜರನ್ನು ಪಾರದರ್ಶಕವಾಗಿ, ಅತಿ ಹೆಚ್ಚು ಬೆಲೆಗೇ ಹರಾಜು ಹಾಕಿದರು ಅಂತಿಟ್ಟುಕೊಳ್ಳಿ. ಖಜಾನೆಗೆ ಲಾಭ. ಕುರಿಯವನಿಗೆ ಏನು?

ಈ ಪ್ರಶ್ನೆಗೆ ಕಾನೂನಿನಲ್ಲಿ ಎಳೆ ಇಲ್ಲವೆಂದಲ್ಲ. 2011ರ ಜಗಪಾಲ್ ಸಿಂಗ್ ತೀರ್ಪು ಊರಿನ ಸಾಮೂಹಿಕ ನೆಲವನ್ನು ಊರಿಗೇ ಉಳಿಸಬೇಕು ಎಂದಿತು. ಬಡವರಿಗೆ ಕೊಟ್ಟ ಅಸೈನ್ಡ್ ಜಮೀನನ್ನು ಸಾರ್ವಜನಿಕ ಉದ್ದೇಶಕ್ಕೆ ಹಿಂತೆಗೆದರೆ ಪಟ್ಟಾದಾರರಷ್ಟೇ ಪರಿಹಾರ ಕೊಡಬೇಕೆಂದು 2004ರ ಮೇಕಲ ಪಾಂಡು ಪ್ರಕರಣದಲ್ಲಿ ಆಂಧ್ರ ಹೈಕೋರ್ಟಿನ ವಿಸ್ತೃತ ಪೀಠ ಹೇಳಿತು. ಇವನ್ನು ಭೂ ಹಕ್ಕಿನ ಕಪಾಟಿನಲ್ಲಿಟ್ಟು, ಹರಾಜಿನ ತೀರ್ಪುಗಳನ್ನು ಆಡಳಿತ ಕಾನೂನಿನ ಕಪಾಟಿನಲ್ಲಿಟ್ಟಿದ್ದೇವೆ. ಅಲ್ಲೇ ಎಡವಿರೋದು.

ಇದು ಬರೀ ಓದಿನ ಮಾತಲ್ಲ. ಹರಾಜಿನ ಪ್ರಕಟಣೆ ಬರುವಷ್ಟರಲ್ಲಿ ನೆಲದ ವರ್ಗೀಕರಣ ಬದಲಾಗಿರಬಹುದು. ಹಣ ಕಟ್ಟಿದವರಿಗೆ ಹಕ್ಕು ಹುಟ್ಟಿದ ಮೇಲೆ ರಿಟ್ ಹಾಕಿದರೆ, ತಡವಾಯ್ತು ಅಂತ ಕೋರ್ಟು ತಳ್ಳಿಹಾಕಬಹುದು. ಆಂಧ್ರದಲ್ಲಿ 2023ರ ತಿದ್ದುಪಡಿ, 20 ವರ್ಷ ಕಳೆದ ಅಸೈನ್ಡ್ ಜಮೀನನ್ನು ಮಾರಲೂ ದಾರಿ ಮಾಡಿತು. ಹಾಗಾಗಿ ಹಳೆಯ ದಾಖಲೆಗೆ ಬೆಲೆ ಇನ್ನೂ ಹೆಚ್ಚು.

ಆದ್ದರಿಂದ ಪ್ರಶ್ನಿಸಬೇಕಾದ ಮೊದಲ ಕಾಗದ ಹರಾಜಿನ ನೋಟಿಸಲ್ಲ. ಮೇವಿನ ನೆಲವನ್ನು ಬರೀ ಸರ್ಕಾರಿ ಬಂಜರು ಅಂತ ಬದಲಿಸಿದ ಆದೇಶ. ಅದನ್ನು ಊರವರ ಮುಂದೆ ಓದಿದ್ದರೇ, ಆಕ್ಷೇಪ ಕೇಳಿದ್ದರೇ? ಕೋರ್ಟಿನಲ್ಲಿ ದರಕ್ಕೂ ಮುಂಚೆ ಈ ಮಾತು ಎತ್ತಬೇಕು. ಇಲ್ಲಿಗೆ ನಿಲ್ಲಿಸ್ತೇನೆ, ನಿಮ್ಮ ಆಕ್ಷೇಪಗಳಿಗೆ ಸ್ವಾಗತ.