ಅಪ್ಪಣೆಯ ಭಾನುವಾರ

ಜರ್ಮನ್ ನಟ ಆರ್ಮಿನ್ ಮ್ಯೂಲರ್-ಸ್ಟಾಲ್ ಅವರ ಬರವಣಿಗೆ ಬಲವಂತದ ಬಿಡುವಿನ ಫಲ. 1930ರಲ್ಲಿ ಟಿಲ್ಸಿಟ್‌ನಲ್ಲಿ ಹುಟ್ಟಿ, ಪಿಟೀಲು ಕಲಿತು, ಪೂರ್ವ ಜರ್ಮನಿಯ ಚಿತ್ರರಂಗದಲ್ಲಿ ಮನೆಮಾತಾದವರು ಅವರು. 1976ರಲ್ಲಿ ಕವಿ, ಗಾಯಕ ವುಲ್ಫ್ ಬೀರ್ಮನ್‌ ಅವರ ಪೌರತ್ವವನ್ನು ಸರ್ಕಾರ ಕಿತ್ತುಕೊಂಡಾಗ ಪ್ರತಿಭಟನಾ ಪತ್ರಕ್ಕೆ ಸಹಿ ಹಾಕಿದರು. ಪಾತ್ರಗಳು ಬರುವುದು ನಿಂತಿತು. 1980ರಲ್ಲಿ ಪಶ್ಚಿಮಕ್ಕೆ ತೆರಳಿದರು. ಮರುವರ್ಷ ಹೊರಬಂದ ಕಾದಂಬರಿಯ ಹೆಸರನ್ನು ಕನ್ನಡದಲ್ಲಿ ‘ಅಪ್ಪಣೆಯ ಭಾನುವಾರ’ ಎನ್ನಬಹುದು. ಕೆಲಸ ಕಸಿದುಕೊಂಡವನಿಗೆ ಕೊಟ್ಟ ರಜೆಗೆ ಇದಕ್ಕಿಂತ ಕಟುವಾದ ಹೆಸರು ಸಿಗಲಾರದು.

ಅವರ ಅಭಿನಯದ ಬಲವೂ ತಡೆಹಿಡಿದ ಮಾತಿನಲ್ಲೇ ಇದೆ. ಆಸ್ಕರ್ ನಾಮನಿರ್ದೇಶನ ತಂದ ‘ಶೈನ್’ (1996) ಚಿತ್ರದ ತಂದೆ ಮಗನನ್ನು ಅಪ್ಪಿಕೊಳ್ಳುವಾಗಲೂ ಭಯ ಹುಟ್ಟಿಸುತ್ತಾನೆ. ತನ್ನ ಅಪ್ಪ ತನ್ನ ಪಿಟೀಲನ್ನು ಒಡೆದುಹಾಕಿದ್ದನ್ನು ಆತ ಮಗನಿಗೆ ಹೇಳುತ್ತಾನೆ. ಪಿಟೀಲು ಕಲಿತ ಈ ನಟನ ಬಾಯಲ್ಲಿ ಅದು ನಟನೆ ಎನಿಸುವುದೇ ಇಲ್ಲ.